ಬಸವನಹುಳುವಿನ ಮಡಿಲಿಗೆ ಕಲ್ಲು

ನಿಮ್ಮ ಮನೆಯಲ್ಲೂ ಅಂಥದೊಂದು ಡ್ರಾಯರು ಇದ್ದೇ ಇರುತ್ತದೆ. ಎಳೆದರೆ ಅರ್ಧಕ್ಕೇ ಸಿಕ್ಕಿಹಾಕಿಕೊಳ್ಳುವ, ಒಳಗೆ ಯಾವುದಕ್ಕೆ ಸೇರಿದ್ದೆಂದು ಯಾರಿಗೂ ಗೊತ್ತಿಲ್ಲದ ವೈರುಗಳು ಒಂದಕ್ಕೊಂದು ತೆಕ್ಕೆಬಿದ್ದು ಮಲಗಿರುವ ಡ್ರಾಯರು. ಹಳೆಯ ಫೋನಿನದು, ಅದಕ್ಕೂ ಹಳೆಯ ಫೋನಿನದು, ಎಂದೋ ಗುಜರಿಗೆ ಹೋದ ಟೇಪ್ ರೆಕಾರ್ಡರಿನದು. ಎಸೆಯೋಣವೆಂದರೆ ನಾಳೆಯೇ ಬೇಕಾದೀತು ಎಂಬ ಭಯ. ಮೊನ್ನೆ ನನ್ನ ಹೆಂಡತಿ ಸುಧಾ ಅದಕ್ಕೆ ಒಂದು ಗತಿ ಕಾಣಿಸುತ್ತೇನೆಂದು ಕುಳಿತವಳು ಮೊಳದುದ್ದದ ಬೂದು ವೈರೊಂದನ್ನು ಎತ್ತಿ ಹಿಡಿದಳು.

"ಇದು ಯಾವುದರ ಚಾರ್ಜರ್ರೀ? ಎರಡು ತುದೀಲೂ ಒಂದೇ ಥರದ ಮೂತಿ ಇದೆ. ಇದಕ್ಕೆ ಕರೆಂಟು ಎಲ್ಲಿಂದ ಬರುತ್ತೆ, ಎಲ್ಲಿಗೆ ಹೋಗುತ್ತೆ?"

"ಅದು ಚಾರ್ಜರ್ ಅಲ್ಲ ಮಾರಾಯ್ತಿ, ಅದು ಚನ್ನರಾಯಪಟ್ಟಣದ್ದು. ಎಸೀಬೇಡ," ಎಂದೆ.

ವೈರಿನ ವಿಷಯ ಹೇಳಬೇಕಾದರೆ ಯಂತ್ರದ ವಿಷಯ ಹೇಳಬೇಕು. ಯಂತ್ರದ ವಿಷಯ ಹೇಳಬೇಕಾದರೆ ನಮ್ಮ ಸೋದರಮಾವನ ವಿಷಯ ಹೇಳಬೇಕು. ಅವನು ಆಗ ಸಿಂಗಪುರದಲ್ಲಿದ್ದ. ನಾವು ಹೊಳೆನರಸೀಪುರದಲ್ಲಿ, ದೇವಸ್ಥಾನದ ಬೀದಿಯಲ್ಲಿದ್ದೆವು. ಒಂದು ಬೇಸಿಗೆಯಲ್ಲಿ ಬಂದ ಮಾವ ನನಗೊಂದು, ನನ್ನ ತಂಗಿಗೊಂದು ಅಂಗೈಯಗಲದ ವಿಡಿಯೋ ಗೇಮ್ ತಂದುಕೊಟ್ಟ. ಬೆನ್ನಿಗೆ ಆಟದ ಬಿಲ್ಲೆ ಸಿಕ್ಕಿಸಿ ಎರಡು ಪೆನ್ಸಿಲ್ ಸೆಲ್ ಹಾಕಿದರೆ ಬೆಂಕಿಪೊಟ್ಟಣದಷ್ಟು ಪರದೆಯಲ್ಲಿ ಒಂದು ಲೋಕವೇ ತೆರೆದುಕೊಳ್ಳುತ್ತಿತ್ತು. ಆ ಲೋಕದ ಹುಲ್ಲಿನಲ್ಲಿ, ಗುಹೆಯಲ್ಲಿ, ಕೆರೆಯಲ್ಲಿ ವಿಚಿತ್ರ ಪ್ರಾಣಿಗಳು ಅಡಗಿರುತ್ತಿದ್ದವು. ಅವನ್ನು ಹಿಡಿಯಬೇಕು, ಸಾಕಬೇಕು, ಕಾದಾಡಿಸಬೇಕು. ಹಿಡಿದ ಪ್ರತಿ ಪ್ರಾಣಿಗೂ ಆಟದೊಳಗಿನ ಪುಸ್ತಕವೊಂದರಲ್ಲಿ ಒಂದು ಖಾಲಿ ಮನೆ ತುಂಬುತ್ತಿತ್ತು. ಎಲ್ಲ ಮನೆಯೂ ತುಂಬಿದ ದಿನ ಮೋಕ್ಷ.

ಅಪ್ಪ ಅದನ್ನು 'ಟಿಕ್‌ಟಿಕ್ ಡಬ್ಬಿ' ಎನ್ನುತ್ತಿದ್ದರು. ಅವರು ಹೈಸ್ಕೂಲಿನಲ್ಲಿ ಇಂಗ್ಲಿಷ್ ಮೇಷ್ಟರು. ಮಕ್ಕಳು ಆಟದ ನೆಪದಲ್ಲಾದರೂ ಇಂಗ್ಲಿಷ್ ಓದುತ್ತಾರೆಂದು ಮೊದಲು ಖುಷಿಪಟ್ಟರು. ನಾವು ಒಂದಕ್ಷರವನ್ನೂ ಓದದೆ ಗುಂಡಿ ಒತ್ತಿಕೊಂಡು ಮುಂದೆ ಹೋಗುವುದನ್ನು ಕಂಡ ಮೇಲೆ ಬೈಯಲು ಶುರುಮಾಡಿದರು. ಆ ಅಭ್ಯಾಸ ನನಗೆ ಇವತ್ತಿಗೂ ಹೋಗಿಲ್ಲ. ಅದರ ಫಲವನ್ನು ಮುಂದೆ ಹೇಳುತ್ತೇನೆ.

ಹಿಡಿದ ಪ್ರಾಣಿಗಳಿಗೆ ನಾವೇ ಹೆಸರಿಡಬಹುದಾಗಿತ್ತು. ನಾಮಕರಣಕ್ಕೆ ನಮಗೆ ಸಾಮಗ್ರಿ ಬೇಕಾದಷ್ಟಿತ್ತು. ಕಿರುಚುವ ಬಾವಲಿಗೆ ಎದುರುಮನೆಯ ಸೀತಜ್ಜಿಯ ಹೆಸರು ಬಿತ್ತು. ಕಿವಿಯಿಂದ ಹೊಗೆ ಬಿಡುವ ಗೂಳಿಗೆ ನಮ್ಮ ಹೆಡ್‌ಮೇಷ್ಟರ ಹೆಸರು. ನನಗೊಂದು ಬಸವನಹುಳು ಸಿಕ್ಕಿತು. ಯಾವ ಕಾದಾಟದಲ್ಲೂ ಅದರ ಸರದಿ ಕೊನೆಗೇ ಬರುತ್ತಿತ್ತು, ಅಷ್ಟು ನಿಧಾನ. ಅದಕ್ಕೆ 'ಬುಡ್ಡಿ' ಎಂದು ಹೆಸರಿಟ್ಟೆ. ಬುಡ್ಡಿ ಎಂದರೆ ನನ್ನ ತಂಗಿ. ಶಾಲೆಯ ಹಾಜರಿಯಲ್ಲಿ ಅವಳು ಶಾರದಾ. ಹುಟ್ಟಿದಾಗ ಸೀಮೆಎಣ್ಣೆ ಬುಡ್ಡಿಯ ಹಾಗೆ ಗುಂಡಗಿದ್ದಳೆಂದು ಮನೆಯಲ್ಲಿ ಬುಡ್ಡಿ. ತಟ್ಟೆಯ ಮುಂದೆ ಕುಳಿತರೆ ಅನ್ನ ಒಣಗಿ ಬೆರಳಿಗೆ ಅಂಟಿಕೊಳ್ಳುವವರೆಗೂ ಉಣ್ಣುತ್ತಿದ್ದಳು. ಹುಳುವಿಗೆ ತನ್ನ ಹೆಸರು ಇಟ್ಟದ್ದು ಗೊತ್ತಾದ ದಿನ ನನ್ನ ಮುಂಗೈ ಕಚ್ಚಿ, ತನ್ನ ಯಂತ್ರದಲ್ಲಿದ್ದ ಉಬ್ಬುಹಲ್ಲಿನ ಕೋತಿಗೆ ನನ್ನ ಹೆಸರಿಟ್ಟು ಸೇಡು ತೀರಿಸಿಕೊಂಡಳು.

ಆಟದಲ್ಲಿ ಒಂದು ಕಿತಾಪತಿಯಿತ್ತು. ನನ್ನ ಯಂತ್ರದಲ್ಲಿ ಸಿಗುವ ಕೆಲವು ಪ್ರಾಣಿಗಳು ಅವಳದರಲ್ಲಿ ಇರಲಿಲ್ಲ. ಅವಳಿಗೆ ಸಿಗುತ್ತಿದ್ದ ಕೆಲವು ನನಗೆ ಸಿಗುತ್ತಿರಲಿಲ್ಲ. ನಿನ್ನದು ಡೂಪ್ಲಿಕೇಟು, ನಿನ್ನದು ಡೂಪ್ಲಿಕೇಟು ಎಂದು ವರ್ಷಗಟ್ಟಲೆ ಕಿತ್ತಾಡಿದೆವು. ಬೇಕೆಂದೇ ಹಾಗೆ ಮಾಡಿರುತ್ತಾರೆಂದು ತಿಳಿದದ್ದು ಆಮೇಲೆ. ಒಬ್ಬರೇ ಕುಳಿತು ಪೂರ್ತಿ ಮಾಡುವ ಹಾಗಿಲ್ಲ. ಎರಡು ಯಂತ್ರಗಳನ್ನು ಒಂದು ವೈರಿನಿಂದ ಜೋಡಿಸಿ, ಒಂದು ಕೊಟ್ಟು ಒಂದು ತೆಗೆದುಕೊಳ್ಳಬೇಕು. ಇನ್ನು ನಮ್ಮ ಬಸವನಹುಳುವಿನಂಥ ಕೆಲವು ಪ್ರಾಣಿಗಳ ಕಥೆಯೇ ಬೇರೆ. ಅವನ್ನು ಎಷ್ಟು ಸಾಕಿದರೂ ಪೂರ್ಣ ರೂಪಕ್ಕೆ ಬರುವುದಿಲ್ಲ. ಇನ್ನೊಬ್ಬರ ಯಂತ್ರಕ್ಕೆ ಹೋದ ಕ್ಷಣದಲ್ಲಿ ಮಾತ್ರ ರೂಪ ಬದಲಾಗಿ, ಚಿಪ್ಪು ಒಡೆದು ರೆಕ್ಕೆ ಬರುತ್ತದಂತೆ.

ಇದನ್ನು ಕೇಳಿದ ನಮ್ಮಜ್ಜಿ, "ಸರಿಯಾಗೇ ಇದೆಯಲ್ಲೋ. ಹೆಣ್ಣುಮಕ್ಕಳೂ ಹಾಗೇ ತಾನೆ?" ಎಂದಿದ್ದರು.

ಮಾವ ಆ ವೈರನ್ನು ಮಾತ್ರ ತಂದಿರಲಿಲ್ಲ. ಹಾಸನದ ಅಂಗಡಿಗಳಲ್ಲಿ ಕೇಳಿದರೆ ಟೇಪ್ ರೆಕಾರ್ಡರಿನ ವೈರು ತೋರಿಸಿದರು. ಹೀಗಾಗಿ ನನ್ನ ಬುಡ್ಡಿ ಹುಳುವಾಗಿಯೇ ಉಳಿಯಿತು. ನನ್ನ ತಂಗಿಯನ್ನು ಚನ್ನರಾಯಪಟ್ಟಣಕ್ಕೆ ಕೊಟ್ಟೆವು.

ಒಳ್ಳೆಯ ಮನೆ. ಹುಡುಗನಿಗೆ ಸಹಕಾರಿ ಬ್ಯಾಂಕಿನಲ್ಲಿ ಕೆಲಸ, ನಗುಮುಖದವನು. ತೊಡಕು ಒಂದೇ. ಅವಳ ಅತ್ತೆಯ ಹೆಸರೂ ಶಾರದಮ್ಮ. ಅತ್ತೆಯ ಹೆಸರು ಹಿಡಿದು ಸೊಸೆಯನ್ನು ಬೈಯುವುದು ಹೇಗೆ? ಅವರ ಮನೆಯ ಪದ್ಧತಿಯಂತೆ ಧಾರೆಯ ದಿನ ತಟ್ಟೆಯ ಅಕ್ಕಿಯ ಮೇಲೆ ಮದುಮಗ, ಅಂದರೆ ನಮ್ಮ ಭಾವ, ಉಂಗುರದಿಂದ ಹೊಸ ಹೆಸರು ಬರೆದರು. ನಮ್ಮ ಬುಡ್ಡಿ ಅಲ್ಲಿ ಸೌಮ್ಯಳಾದಳು. ಕಚ್ಚುವವಳಿಗೆ ಸೌಮ್ಯ ಎಂದು ಹೆಸರಿಟ್ಟರಲ್ಲ ಎಂದು ನಾನು ಪಂಕ್ತಿಯಲ್ಲಿ ನಕ್ಕು ಪಾಯಸ ಎರಡನೆಯ ಸಲ ಬಡಿಸಿಕೊಂಡೆ. ಅಷ್ಟೇ ನನಗೆ ಹೊಳೆದದ್ದು.

ಆಮೇಲೆ ನನಗೆ ಅರಕಲಗೂಡಿನಲ್ಲಿ ಗಣಿತದ ಮೇಷ್ಟರ ಕೆಲಸ ಸಿಕ್ಕಿತು. ಮನೆ ಹಾಸನದಲ್ಲಿ. ದಿನಾ ಬಸ್ಸು. ಒಂದು ರಜೆಯಲ್ಲಿ ಟ್ರಂಕಿನ ತಳದಲ್ಲಿ ಸಿಕ್ಕಿದ ಯಂತ್ರಕ್ಕೆ ಸೆಲ್ ಹಾಕಿ ನೋಡಿದರೆ, ಬುಡ್ಡಿಯೂ ಸೀತಜ್ಜಿಯೂ ಹೆಡ್‌ಮೇಷ್ಟರೂ ಬಿಟ್ಟಲ್ಲೇ ನಿಂತಿದ್ದಾರೆ! ಸೀತಜ್ಜಿ ತೀರಿಕೊಂಡು ಎಷ್ಟೋ ಕಾಲವಾಗಿತ್ತು, ಆ ಬೀದಿಯಲ್ಲಿ ನಾವೂ ಇರಲಿಲ್ಲ.  ಶಾಲೆ ಮತ್ತೆ ಶುರುವಾದ ದಿನದಿಂದ ಬಸ್ಸಿನಲ್ಲಿ ಆಡತೊಡಗಿದೆ. ಮೀಸೆ ನರೆತ ಮೇಷ್ಟರು ಉತ್ತರಪತ್ರಿಕೆಗಳ ಕಟ್ಟಿನ ಮರೆಯಲ್ಲಿ ಹುಲ್ಲೊಳಗೆ ಪ್ರಾಣಿ ಹುಡುಕುವುದನ್ನು ನೀವು ನೋಡಬೇಕಿತ್ತು. ಒಂದು ದಿನ ಕಂಡಕ್ಟರು ಬಗ್ಗಿ ನೋಡಿ, "ಏನ್ ಸಾ ಇದು, ನಮ್ ಟಿಕೆಟ್ ಮಿಷನ್ ಇದ್ದಂಗೈತೆ! ನೀವು ಯಾರ್ಗ್ ಸಾ ಟಿಕೆಟ್ ಕೊಡ್ತಿದ್ದೀರಿ?" ಎಂದ. ಬಸ್ಸೆಲ್ಲ ನಕ್ಕಿತು.

ಹೀಗೆ ಆಡುತ್ತ ಆಡುತ್ತ ಆ ಪುಸ್ತಕದ ಮನೆಗಳೆಲ್ಲ ತುಂಬುತ್ತ ಬಂದವು. ನನ್ನ ಯಂತ್ರದಲ್ಲಿ ಸಿಗದವನ್ನು ಶಾಲೆಗೆ ಬಂದಿದ್ದ ಕಂಪ್ಯೂಟರ್ ಮೇಷ್ಟರೊಬ್ಬರ ಯಂತ್ರದಿಂದ, ಅವರದೇ ವೈರಿನಲ್ಲಿ ತರಿಸಿಕೊಂಡೆ. ಬುಡ್ಡಿಯನ್ನೂ ಒಮ್ಮೆ ಅವರ ಯಂತ್ರಕ್ಕೆ ದಾಟಿಸಿ ತರಬಹುದಿತ್ತು. ಅವರೂ "ಕೊಡಿ ಸಾರ್, ಒಂದ್ನಿಮಿಷದ ಕೆಲಸ" ಎಂದರು. ಅದ್ಯಾಕೋ ಮನಸ್ಸು ಬರಲಿಲ್ಲ. ಕೊಟ್ಟರೆ ಚನ್ನರಾಯಪಟ್ಟಣಕ್ಕೇ ಕೊಡಬೇಕು ಅನ್ನಿಸಿತು. ಹೋಗೋಣ, ಹೋಗೋಣ ಎನ್ನುವಷ್ಟರಲ್ಲಿ ಆ ಮೇಷ್ಟರಿಗೆ ವರ್ಗವಾಗಿ ವೈರೂ ಅವರ ಜೊತೆಗೆ ಹೋಯಿತು. ಕೊನೆಗೆ ಒಂದೇ ಒಂದು ಮನೆ ಖಾಲಿ ಉಳಿಯಿತು, ಆ ರೆಕ್ಕೆ ಬಂದ ಬುಡ್ಡಿಯದು.

ಅಷ್ಟರಲ್ಲಿ ಯಂತ್ರ ಒಮ್ಮೊಮ್ಮೆ ಮಂಕಾಗತೊಡಗಿತು. ಹಾಸನದ ಬಸ್ ಸ್ಟ್ಯಾಂಡಿನ ಹತ್ತಿರ ಮೊಬೈಲ್ ರಿಪೇರಿ ಮಾಡುವವನೊಬ್ಬ ಬಿಚ್ಚಿ ನೋಡಿದ.

"ಸಾ, ಆಟದ ಬಿಲ್ಲೆ ಒಳ್ಗೆ ಒಂದು ಬಟನ್ ಸೆಲ್ಲೈತೆ. ನೀವು ಆಡಿದ್ದೆಲ್ಲ ಅದ್ರ ಮ್ಯಾಲೇ ನಿಂತಿರೋದು. ಅದು ಈಗ ಓಯ್ತೀನಿ ಓಯ್ತೀನಿ ಅಂತೈತೆ."

"ಬೇರೆ ಹಾಕಿಬಿಡಿ."

"ಆಕ್ತೀನಿ ಸಾ. ತೆಗ್ದೇಟ್ಗೆ ಎಲ್ಲಾ ಅಳಿಸಿ ಓಯ್ತದೆ. ತೆಗೀದಿದ್ರೂ ಇವತ್ತೋ ನಾಳೆನೋ ಓಯ್ತದೆ. ಏನ್ ಮಾಡ್ಲಿ, ಏಳಿ ಸಾ."

ಹೇಳಿ ಎಂದನೋ, ಏಳಿ ಎಂದನೋ ಸರಿಯಾಗಿ ತಿಳಿಯದೆ ಎದ್ದು ಬಂದೆ.

ನಗಬೇಡಿ. ಅಷ್ಟು ವರ್ಷ ಕೂಡಿಸಿದ್ದು ಒಂದು ಗುಂಡಿಯಷ್ಟು ಸೆಲ್ಲಿನ ಮೇಲೆ ನಿಂತಿದೆ ಎಂದಾಗ ನನಗೆ ನಿಜವಾಗಿಯೂ ಹೆದರಿಕೆಯಾಯಿತು. ಅದು ಸಾಯುವ ಮೊದಲು ಒಂದು ಸಲ, ಒಂದೇ ಒಂದು ಸಲ, ಎಲ್ಲ ಮನೆಗಳೂ ತುಂಬಿದ್ದನ್ನು ಕಣ್ಣಲ್ಲಿ ನೋಡಬೇಕು. ಆನ್‌ಲೈನಿನಲ್ಲಿ ಹುಡುಕಿ, ಸೆಕೆಂಡ್ ಹ್ಯಾಂಡ್ ವೈರೊಂದನ್ನು ತರಿಸಿದೆ. ತಂಗಿಗೆ ಫೋನ್ ಮಾಡಿ, "ನಿನ್ನ ಡಬ್ಬಿ ಇದೆಯೇನೆ ಇನ್ನೂ?" ಎಂದೆ.

"ಇದೆ. ಯಾಕೋ?"

"ಭಾನುವಾರ ಬರ್ತೀನಿ."

 "ಯಾವ ಹಬ್ಬವೂ ಇಲ್ವಲ್ಲೋ," ಎಂದಳು. ಹಬ್ಬ, ಮದುವೆ, ತಿಥಿ ಬಿಟ್ಟು ನಾನು ಅವಳ ಮನೆಗೆ ಹೋದದ್ದೇ ಇಲ್ಲವೆಂಬುದು ಆಗ ಹೊಳೆಯಿತು.

ಭಾನುವಾರ ಹೊರಟಾಗ ಸುಧಾ ಚೀಲ ತುಂಬಿಸಿದಳು. ಕೋಡುಬಳೆ, ಹೂವು, ಅರಿಶಿನ ಕುಂಕುಮ, ರವಿಕೆಬಟ್ಟೆ. ಬರಿಗೈಲಿ ಹೋಗುವುದು, ಬರಿಗೈಲಿ ಕಳಿಸುವುದು ನಮ್ಮಲ್ಲಿ ಆಗದ ಮಾತು. ಹೊಳೆನರಸೀಪುರದಲ್ಲಿ ಅಮ್ಮ ಎದುರುಮನೆಗೆ ಒಂದು ಬಟ್ಟಲು ಹುಳಿ ಕಳಿಸಿದರೆ ಆ ಬಟ್ಟಲು ಖಾಲಿ ಬಂದದ್ದೇ ಇಲ್ಲ. ಒಮ್ಮೆ ಮನೆಯಲ್ಲಿ ಏನೂ ಇರಲಿಲ್ಲವೆಂದು ಸೀತಜ್ಜಿ ಒಂದು ಹಸಿಮೆಣಸಿನಕಾಯಿ ಹಾಕಿ ಕಳಿಸಿದ್ದರು. ಬಟ್ಟಲಿನ ನಡುವೆ ಅದೊಂದೇ ಗಂಭೀರವಾಗಿ ಮಲಗಿತ್ತು.

ಚನ್ನರಾಯಪಟ್ಟಣದ ಮನೆಯಲ್ಲಿ ಊಟವಾದ ಮೇಲೆ ತಂಗಿ ಬೀರುವಿನಿಂದ, ಸೀರೆಗಳ ಅಡಿಯಿಂದ ತನ್ನ ಯಂತ್ರ ತಂದಳು. ಮಿರಮಿರ ಮಿಂಚುತ್ತಿತ್ತು. ಬಳಸುವ ವಸ್ತುವಿನ ಹೊಳಪು ಅದು.

"ನೀನೂ ಆಡ್ತಿದ್ದೀಯಾ?"

"ಮಧ್ಯಾಹ್ನ, ಅತ್ತೆ ಮಲಗಿದಾಗ. ನಂದು ಒಂದ್ಸಲ ಪೂರ್ತಿ ಅಳಿಸಿಹೋಯ್ತು ಕಣೋ, ಇಲ್ಲಿಗೆ ಬಂದ ಹೊಸದ್ರಲ್ಲೇ. ನಿನ್ನ ಕೋತಿ ಸಮೇತ. ಇಲ್ಲೇ ಒಬ್ರ ಹತ್ರ ಹೊಸ ಸೆಲ್ ಹಾಕಿಸಿ ಮೊದಲಿಂದ ಶುರು ಮಾಡ್ದೆ. ಆನ್ ಮಾಡಿದ್ರೆ ನಿನ್ನ ಹೆಸರೇನು ಅಂತ ಕೇಳುತ್ತಲ್ಲ, ಏನು ಬರೀಲಿ ಅಂತ ಸುಮಾರು ಹೊತ್ತು ಕೂತಿದ್ದೆ."

"ಏನು ಬರೆದೆ?"

"ಸೌಮ್ಯ ಅಂತ," ಎಂದು ವೈರಿನ ತುದಿ ಒರೆಸತೊಡಗಿದಳು.

ಅಳಿಸಿಹೋದ ಸುದ್ದಿಯನ್ನು ಅವಳು ನನಗೆ ಹೇಳಿಯೇ ಇರಲಿಲ್ಲ. ನಾನೂ ಕೇಳಿರಲಿಲ್ಲ. ದಿನಾ ಬೆಳಗ್ಗೆ ವಾಟ್ಸಾಪಿನಲ್ಲಿ ಗುಲಾಬಿ ಹೂವಿನ ಚಿತ್ರ ಕಳಿಸಿಕೊಳ್ಳುವ ಅಣ್ಣ ತಂಗಿ ನಾವು.

ವೈರು ಗಿಡ್ಡ. ಮಂಡಿಗೆ ಮಂಡಿ ತಾಗಿಸಿ ನೆಲದ ಮೇಲೆ ಕೂರದೆ ಬೇರೆ ದಾರಿಯಿರಲಿಲ್ಲ. ನಿದ್ದೆ ಮುಗಿಸಿದ ಶಾರದಮ್ಮನವರು ಕುರ್ಚಿ ಎಳೆದುಕೊಂಡು ಪಕ್ಕದಲ್ಲೇ ಕುಳಿತರು. "ಸೌಮ್ಯಾ, ಅದೇನೇ ಅದು?" ಎಂದು ಕೇಳಿದವರಿಗೆ ಅವಳು ಕೊಡುವ, ತರುವ, ರೂಪ ಬದಲಾಗುವ ಕಥೆಯನ್ನೆಲ್ಲ ಹೇಳಿದಳು. ಅವರಿಗೆ ತಕ್ಷಣ ಅರ್ಥವಾಯಿತು.

"ಒಪ್ಪಿಸಿಕೊಡೋ ಶಾಸ್ತ್ರ ಅನ್ನು. ಮಾಡಿ, ಮಾಡಿ. ರಾಹುಕಾಲಕ್ಕೆ ಇನ್ನೂ ಹೊತ್ತಿದೆ."

ಬುಡ್ಡಿಯನ್ನು ಕಳಿಸುವ ಗುಂಡಿ ಒತ್ತಬೇಕು, ನನ್ನ ಬೆರಳು ನಿಂತಿತು. ಆಟದಲ್ಲಿ ಪ್ರತಿ ಪ್ರಾಣಿಯ ಕೈಯಲ್ಲೂ ಒಂದು ವಸ್ತು ಕೊಡಬಹುದು. ಬುಡ್ಡಿಯ ಕೈ ಖಾಲಿ. ಇಷ್ಟು ವರ್ಷ ಜೊತೆಗಿದ್ದವಳು, ಚನ್ನರಾಯಪಟ್ಟಣಕ್ಕೆ ಹೋಗುತ್ತಿದ್ದಾಳೆ. ಬರಿಗೈಲಿ ಕಳಿಸುವುದೇ? ಆಟದೊಳಗಿನ ಚೀಲದಲ್ಲಿ ಹುಡುಕಿದೆ. ಔಷಧಿ ಮುಗಿದಿತ್ತು, ಹಣ್ಣೂ ಇರಲಿಲ್ಲ. ಎಲ್ಲೋ ಸಿಕ್ಕಿದ, ಏನೆಂದು ಎಂದೂ ಓದಿ ನೋಡದ, ದುಂಡನೆಯ ಬೂದು ಕಲ್ಲೊಂದಿತ್ತು. ನೋಡಲು ಲಕ್ಷಣವಾಗಿತ್ತು. ಅದನ್ನೇ ಕೊಟ್ಟು ಗುಂಡಿ ಒತ್ತಿದೆ.

ಪರದೆಯ ಮೇಲೆ ಬುಡ್ಡಿ ವೈರಿನೊಳಗೆ ಜಾರಿದಳು. ಅವಳ ಬದಲಿಗೆ ತಂಗಿ ಕಳಿಸಿದ ಒಂದು ಇಲಿ ನನ್ನ ಕಡೆ ಬಂತು. ತಂಗಿಯ ಪರದೆಯಲ್ಲಿ ಹುಳು ಕಾಣಿಸಿತು. ನಾವು ಪರದೆಯ ಮೇಲೆ ಬಗ್ಗಿ ಕಾದೆವು. ಹುಳು ಹುಳುವಾಗಿಯೇ ಕುಳಿತಿತ್ತು.

"ಬದಲಾಗ್ಲಿಲ್ವಲ್ಲೋ!" ಎಂದು ಗುಂಡಿಗಳನ್ನು ಒತ್ತಿ ನೋಡಿದ ತಂಗಿ ಹಣೆ ಚಚ್ಚಿಕೊಂಡಳು. "ಏನಿಟ್ಟು ಕಳಿಸಿದ್ದೀಯ ಇದರ ಕೈಲಿ? ಈ ಕಲ್ಲು ಹಿಡ್ಕೊಂಡಿರೋ ಪ್ರಾಣಿ ಬದಲಾಗೋದೇ ಇಲ್ಲ ಕಣೋ. ಇಲ್ಲೇ ಬರೆದಿದೆ, ಓದೋದಲ್ವಾ?"

ಪ್ರಶ್ನೆಯನ್ನು ಎರಡು ಸಲ ಓದಿ ಆಮೇಲೆ ಉತ್ತರ ಬರೆಯಿರಿ ಎಂದು ಮಕ್ಕಳಿಗೆ ದಿನಾ ಹೇಳುವ ಮೇಷ್ಟರು ತಲೆ ತಗ್ಗಿಸಿದರು.

ಶಾರದಮ್ಮನವರಿಗೆ ಮಾತ್ರ ಕಲ್ಲಿನ ಗುಣದೋಷ ಬೇಕಾಗಿರಲಿಲ್ಲ. ಅವರ ಕಣ್ಣರಳಿದ್ದು ಬೇರೆ ಕಾರಣಕ್ಕೆ. "ಕಲ್ಲು ಕಟ್ಟಿ ಕಳಿಸ್ತಾರೇನಪ್ಪಾ ಹೆಣ್ಣುಮಕ್ಕಳನ್ನ? ಮಡಿಲಿಗೆ ಹಾಕೋಕೆ ನಿಮ್ಮನೇಲಿ ಒಂದು ಹಿಡಿ ಅಕ್ಕಿಗೂ ಬರವೇ?"

ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ಭಾವ ಕಾಫಿ ಚೆಲ್ಲಿಕೊಂಡು ನಕ್ಕರು. ಬಂದು ಬಗ್ಗಿ ಪರದೆಯ ಇಂಗ್ಲಿಷ್ ಅಕ್ಷರಗಳನ್ನು ಕೂಡಿಸಿ ಓದಿ, "ಬಡ್ಡಿ? ಇದರ ಹೆಸರು ಬಡ್ಡಿ ಅಂತಲಾ?" ಎಂದರು. ಬ್ಯಾಂಕಿನವರಿಗೆ ಇನ್ನೇನು ಕಂಡೀತು!

"ಬಡ್ಡಿ ಅಲ್ಲ, ಬುಡ್ಡಿ," ಎಂದೆ.

"ಯಾರಪ್ಪಾ ಅದು ಬುಡ್ಡಿ?" ಎಂದರು ಶಾರದಮ್ಮ.

"ನಾನೇ ಅತ್ತೆ," ಎಂದಳು ತಂಗಿ. "ನಮ್ಮನೇಲಿ ನನ್ನ ಹಾಗೇ ಕರೀತಿದ್ದದ್ದು."

ಆ ಮನೆಯಲ್ಲಿ ಅಷ್ಟು ವರ್ಷದಿಂದ ಇದ್ದಾಳೆ. ಯಾರೂ ಕೇಳಿರಲಿಲ್ಲ, ಅವಳೂ ಹೇಳಿರಲಿಲ್ಲ. ಹೇಳುವುದಕ್ಕೆ ಅದೇನು ದೊಡ್ಡ ವಿಷಯವೇ ಎಂದು ನೀವು ಕೇಳಬಹುದು. ದೊಡ್ಡ ವಿಷಯವಲ್ಲ. ಆದರೆ ಹೇಳುವಾಗ ಅವಳು ಅತ್ತೆಯ ಮುಖ ನೋಡಲಿಲ್ಲ.

ಮಾತು ತಿರುಗಿಸಲು ನಾನು, "ಹೆಸರು ಬೇಡದಿದ್ರೆ ಬದಲಾಯಿಸ್ಕೋ," ಎಂದೆ.

"ಆಗಲ್ಲ ಕಣೋ. ಹೋದ ಮನೆಯೋರು ಹೆಸರು ಬದಲಾಯಿಸೋ ಹಾಗಿಲ್ಲ ಈ ಆಟದಲ್ಲಿ. ಇಟ್ಟೋರೇ ಬದಲಾಯಿಸಬೇಕು."

"ಹೌದೇನೆ?" ಎಂದರು ಶಾರದಮ್ಮ. ಕುರ್ಚಿಯಿಂದ ಬಗ್ಗಿ ಆ ಹೆಸರನ್ನೇ ನೋಡಿದರು.

ಸರಿ, ಬುಡ್ಡಿಯನ್ನು ವಾಪಸು ಕರೆಸಿ, ಕಲ್ಲು ಕಿತ್ತು ಇನ್ನೊಮ್ಮೆ ಕಳಿಸುವುದೆಂದು ತೀರ್ಮಾನವಾಯಿತು. ಅಷ್ಟರಲ್ಲಿ ನನ್ನ ಯಂತ್ರದ ಕೆಂಪು ದೀಪ ಮಂಕಾಗಿತ್ತು. ಪೆನ್ಸಿಲ್ ಸೆಲ್ ಮುಗಿದಿರಬೇಕೆಂದು ಆರಿಸಿ, ಹೊಸ ಸೆಲ್ ಹಾಕಿ, ಗುಂಡಿ ಅದುಮಿದೆ. ಪೀಂ ಎಂದಿತು. ಹೊಸ ಆಟ ಶುರುಮಾಡುತ್ತೀರಾ ಎಂದು ಕೇಳಿತು. ಹಳೆಯ ಆಟಕ್ಕೆ ಹೋಗುವ ಸಾಲೇ ಅಲ್ಲಿರಲಿಲ್ಲ. ಇನ್ನೊಮ್ಮೆ ಆರಿಸಿ ಹಾಕಿದೆ. ಬಿಲ್ಲೆ ತೆಗೆದು ಊದಿದೆ. ಅದೇ ಪ್ರಶ್ನೆ.

ಸೀತಜ್ಜಿ ಹೋದರು. ಹೆಡ್‌ಮೇಷ್ಟರು ಹೋದರು. ಬಸ್ಸಿನಲ್ಲಿ ಕುಳಿತು ತುಂಬಿಸಿದ ಮನೆಗಳೆಲ್ಲ ಹೋದವು. ನಾನು ಏನೂ ಆಗಿಲ್ಲವೆಂಬಂತೆ ವೈರು ಸುತ್ತಿಡತೊಡಗಿದೆ.  ಆಟಿಕೆ ಹೋಯಿತೆಂದು ಈ ವಯಸ್ಸಿನಲ್ಲಿ ಕಣ್ಣು ತುಂಬಿಕೊಂಡರೆ ಬೀಗರ ಮನೆಯಲ್ಲಿ ಏನೆಂದುಕೊಂಡಾರು?

 ತಂಗಿ ತನ್ನ ಯಂತ್ರವನ್ನು ನನ್ನ ತೊಡೆಯ ಮೇಲಿಟ್ಟಳು. ಅಲ್ಲಿ ಬುಡ್ಡಿ ಕಲ್ಲು ಹಿಡಿದುಕೊಂಡು ಕುಳಿತಿದ್ದಳು. ನನ್ನ ಹತ್ತಿರ ಇಟ್ಟುಕೊಂಡದ್ದೆಲ್ಲ ಹೋಗಿ, ಕೊಟ್ಟದ್ದೊಂದು ಉಳಿದಿತ್ತು.

"ಹೋಗ್ಲಿ ಬಿಡಪ್ಪಾ," ಎಂದರು ಶಾರದಮ್ಮ, ನನ್ನ ಮುಖ ನೋಡಿ. ಆಮೇಲೆ, "ನಂದೂ ಮೊದಲು ಶಾರದೆ ಅಲ್ಲ," ಎಂದರು. "ತೌರಲ್ಲಿ, ನುಗ್ಗೇಹಳ್ಳೀಲಿ ನಾನು ಕಮಲು. ಈ ಮನೆಗೆ ಬಂದ ಮೇಲೆ ಶಾರದೆ ಆದೆ. ಈಗ ಕಮಲೂ ಅಂತ ಕರೆಯೋರು ಒಬ್ರೂ ಉಳಿದಿಲ್ಲ. ನಂಗೇ ಮರೆತುಹೋಗಿತ್ತು ನೋಡು."

ಯಾವ ಹೆಸರಿಗೆ ಜಾಗ ಬಿಡಬೇಕೆಂದು ನನ್ನ ತಂಗಿಯ ಹೆಸರು ಬದಲಾಗಿತ್ತೋ ಆ ಹೆಸರೂ ಅವರದಾಗಿರಲಿಲ್ಲ. ಭಾವನಿಗೂ ಇದು ಹೊಸ ಸುದ್ದಿ. "ಅಮ್ಮಾ, ನೀನು ಕಮಲೂನಾ?" ಎಂದು ಬೆರಗಾಗಿ ಕೇಳಿದರು. "ಹೋಗೋ, ಹಾಲು ಉಕ್ಕುತ್ತೆ ನೋಡು," ಎಂದು ಅವರು ಮಗನನ್ನು ಗದರಿಸಿದರು.

ಹೊರಟಾಗ ನನ್ನ ಚೀಲಕ್ಕೆ ನುಗ್ಗೇಹಳ್ಳಿಯ ತೆಂಗಿನಕಾಯಿಗಳು ಬಿದ್ದವು. ರಿಪೇರಿಯವನ ಹತ್ತಿರ ಈಗ ಧೈರ್ಯವಾಗಿ ಹೊಸ ಸೆಲ್ ಹಾಕಿಸಿದೆ, ಕಳೆದುಕೊಳ್ಳುವುದು ಏನೂ ಉಳಿದಿರಲಿಲ್ಲವಲ್ಲ. ಅರಕಲಗೂಡಿನ ಬಸ್ಸಿನಲ್ಲಿ ಮತ್ತೆ ಮೊದಲ ಹುಲ್ಲಿನಿಂದ ಹೊರಟಿದ್ದೇನೆ. ವೈರು ಜೋಡಿಸುವ ಹಂತಕ್ಕೆ ಬರುವವರೆಗೆ ಬುಡ್ಡಿ ಅಲ್ಲೇ ಇರುತ್ತಾಳೆ. ಈ ಸಲ ಒಂದೊಂದಕ್ಷರವನ್ನೂ ಓದಿಕೊಂಡು ಆಡುತ್ತಿರುವುದರಿಂದ ಆಟ ಬಸವನಹುಳುವಿನ ಹಾಗೆಯೇ ಸಾಗುತ್ತಿದೆ.

ಹಾಗೆ ಒಂದು ಸಂಜೆ, ಗುಹೆಯೊಂದರಲ್ಲಿ ದಾರಿ ತಪ್ಪಿ, ಕೇಳೋಣವೆಂದು ತಂಗಿಗೆ ಫೋನ್ ಮಾಡಿದೆ. ಎತ್ತಿಕೊಂಡದ್ದು ಅವಳ ಅತ್ತೆ. "ಚೆನ್ನಾಗಿದ್ದೀಯೇನಪ್ಪಾ? ಎಲ್ಲೀವರೆಗೆ ಬಂತು ನಿನ್ನ ಆಟ? ಇರು, ಅವಳು ಒಳಗಿದ್ದಾಳೆ," ಎಂದವರು ಫೋನನ್ನು ಬಾಯಿಂದ ದೂರ ಹಿಡಿಯದೆಯೇ ಕೂಗಿದರು:

"ಬುಡ್ಡೀ, ನಿಮ್ಮಣ್ಣ ಕಣೇ!"

ಒಳಗಿನಿಂದ "ಬಂದೇ ಅತ್ತೆ" ಎಂದದ್ದು ನನಗೆ ಕೇಳಿಸಿತು. ಯಾವ ಗುಹೆ, ಏನು ದಾರಿ, ಕೇಳಬೇಕೆಂದಿದ್ದದ್ದೆಲ್ಲ ಮರೆತುಹೋಯಿತು.